ಮಾರ್ವ್ ಲೆವಿ ಅಂದ್ರೆ ಬರೀ ನಾಲ್ಕು ಸೋಲಾ?

ರಾಚೆಸ್ಟರ್_ಕನ್ನಡಿಗ (ಚರ್ಚೆ ಶುರು ಮಾಡಿದವರು)

ಹೋದ ವಾರ ಇಲ್ಲಿ ಅಮೆರಿಕದ ಫುಟ್‌ಬಾಲ್ ಕೋಚ್‌ಗಳ ಮಾತು ಬಂದಾಗ ಯಾರೋ ಮಾರ್ವ್ ಲೆವಿ ಹೆಸರು ತೆಗೆದರು. ಕೂಡಲೇ ಇನ್ನೊಬ್ಬರು "ನಾಲ್ಕು ಸಲ ಸೂಪರ್ ಬೌಲ್ ಸೋತವರಲ್ವಾ" ಅಂದರು. (ಸೂಪರ್ ಬೌಲ್ ಅಂದರೆ ಅಲ್ಲಿಯ ದೊಡ್ಡ ಲೀಗ್ ಎನ್‌ಎಫ್‌ಎಲ್‌ನ ಫೈನಲ್.) ಮಾತು ಅಲ್ಲಿಗೇ ಮುಗಿದುಹೋಯಿತು. ಆವತ್ತಿಂದ ಅದು ನನ್ನನ್ನ ಕೊರೀತಾ ಇದೆ. ನಾನು ಹನ್ನೊಂದು ವರ್ಷದಿಂದ ನ್ಯೂಯಾರ್ಕ್ ರಾಜ್ಯದ ಪಶ್ಚಿಮ ಮೂಲೆಯಲ್ಲಿ, ಬಫಲೋಗೆ ಒಂದೂಕಾಲು ಗಂಟೆ ದಾರಿಯಲ್ಲಿ ಇದ್ದೀನಿ. ಇಲ್ಲಿನ ಜನ ಅವರ ಬಗ್ಗೆ ಮಾತಾಡೋದು ಸೋತು ಹೋದ ಕೋಚ್ ಬಗ್ಗೆ ಮಾತಾಡಿದ ಹಾಗಿರಲ್ಲ. ನಮ್ಮಲ್ಲಿ ಊರಿನ ಹಳೇ ಮೇಷ್ಟ್ರನ್ನ ನೆನೆಸಿಕೊಳ್ತಾರಲ್ಲ, ಹಾಗಿರುತ್ತೆ.

ಆಟ ಗೊತ್ತಿಲ್ಲದವರಿಗೆ ಒಂದೆರಡು ಮಾತು. ಇದು ನಾವು ಫುಟ್‌ಬಾಲ್ ಅನ್ನೋ ಆಟ ಅಲ್ಲ. ಎರಡೂ ತುದಿ ಚೂಪಾದ ಚೆಂಡು, ತಲೆಗೆ ಹೆಲ್ಮೆಟ್, ಮೈದಾನದ ತುಂಬ ಗೆರೆಗಳು. ನಾಲ್ಕು ಯತ್ನದಲ್ಲಿ ಹತ್ತು ಗಜ ಮುಂದೆ ಹೋಗಬೇಕು, ಆಗದಿದ್ದರೆ ಚೆಂಡು ಎದುರಾಳಿಗೆ ಹೋಗುತ್ತೆ. ಅದಕ್ಕೇ ನಾಲ್ಕನೇ ಯತ್ನಕ್ಕೆ ಬಂದಾಗ ಸಾಮಾನ್ಯವಾಗಿ ಚೆಂಡನ್ನ ಒದ್ದುಬಿಡ್ತಾರೆ. ಕಂಬ ಹತ್ತಿರ ಇದ್ದರೆ ಕಂಬಗಳ ಮಧ್ಯೆ ಒದ್ದು ಮೂರು ಪಾಯಿಂಟ್ ತಗೋತಾರೆ, ಅದು ಫೀಲ್ಡ್ ಗೋಲ್. ದೂರ ಇದ್ದರೆ ಎದುರಾಳಿಯನ್ನ ಹಿಂದಕ್ಕೆ ತಳ್ಳೋಕೆ ಎತ್ತರಕ್ಕೆ ಒದೀತಾರೆ, ಅದು ಪಂಟ್. ಈ ಒದೆತದ ಹೊತ್ತಿಗೆ ಮೈದಾನಕ್ಕೆ ಇಳಿಯೋ ಆಟಗಾರರ ಗುಂಪೇ ಬೇರೆ. ಅದಕ್ಕೆ ಸ್ಪೆಷಲ್ ಟೀಮ್ಸ್ ಅಂತಾರೆ. ಇದನ್ನ ನೆನಪಲ್ಲಿ ಇಟ್ಟುಕೊಳ್ಳಿ. ಲೆವಿ ದೊಡ್ಡ ಲೀಗಿಗೆ ಬಂದಿದ್ದು ಈ ಬಾಗಿಲಿಂದಲೇ.

ಹುಟ್ಟಿದ್ದು 1925ರ ಆಗಸ್ಟ್ 3ರಂದು, ಷಿಕಾಗೊದಲ್ಲಿ. ತಂದೆ ಮೊದಲ ಮಹಾಯುದ್ಧದಲ್ಲಿ ಹೋರಾಡಿದ ಮರೀನ್ ಸೈನಿಕ. ಮಗ 1943ರಲ್ಲಿ ಹೈಸ್ಕೂಲ್ ಮುಗಿಸಿದ ಮಾರನೇ ದಿನವೇ ಸೇನೆಯ ವಾಯುದಳಕ್ಕೆ ಸೇರಿದರು. ಯುದ್ಧ ಮುಗಿದ ಮೇಲೆ ಅಯೋವಾದ ಕೋ ಕಾಲೇಜು, ಅಲ್ಲಿಂದ ಕಾನೂನು ಓದೋಕೆ ಅಂತ ಹಾರ್ವರ್ಡ್. ಕೆಲವೇ ವಾರಕ್ಕೆ ಕಾನೂನು ಬಿಟ್ಟು ಇಂಗ್ಲೆಂಡ್ ಇತಿಹಾಸಕ್ಕೆ ಬದಲಾಯಿಸಿಕೊಂಡು 1951ರಲ್ಲಿ ಎಂ.ಎ. ಮಾಡಿದರು. ನಾನು ಫುಟ್‌ಬಾಲ್ ಕೋಚ್ ಆಗ್ತೀನಿ ಅಂತ ಫೋನಲ್ಲಿ ಹೇಳಿದಾಗ ತಂದೆ ಅರ್ಧ ನಿಮಿಷ ಮಾತೇ ಆಡಲಿಲ್ಲವಂತೆ. ಆಮೇಲೆ "ಆದರೆ ಒಳ್ಳೇ ಕೋಚ್ ಆಗು" ಅಂದರಂತೆ. ಇದನ್ನ ಲೆವಿಯವರೇ ಹಾಲ್ ಆಫ್ ಫೇಮ್‌ಗೆ (ಈ ಆಟದ ಗಣ್ಯರ ಪಟ್ಟಿ) ಸೇರಿದಾಗಿನ ಭಾಷಣದಲ್ಲಿ ಹೇಳಿದ್ದಾರೆ.

ಶುರುವಿನ ದಾರಿ ಸಲೀಸಾಗಿರಲಿಲ್ಲ. ನ್ಯೂ ಮೆಕ್ಸಿಕೊ ವಿಶ್ವವಿದ್ಯಾಲಯದಲ್ಲಿ ಎರಡು ವರ್ಷ ಚೆನ್ನಾಗಿ ಆಯಿತು. 1960ರಿಂದ 63ರ ವರೆಗೆ ಕ್ಯಾಲಿಫೋರ್ನಿಯಾದ ಬರ್ಕ್ಲಿ ವಿಶ್ವವಿದ್ಯಾಲಯದಲ್ಲಿ ಗೆದ್ದಿದ್ದು 8, ಸೋತಿದ್ದು 29, ಸಮ 3. (ಅಲ್ಲಿ ಅವರು ಸಹಾಯಕ ಅಂತ ಕರೆಸಿಕೊಂಡ ಹುಡುಗ ಬಿಲ್ ವಾಲ್ಷ್. ಮುಂದೆ ಸ್ಯಾನ್ ಫ್ರಾನ್ಸಿಸ್ಕೊಗೆ ಮೂರು ಸೂಪರ್ ಬೌಲ್ ಗೆದ್ದುಕೊಟ್ಟವರು ಅವರೇ. ಆಳಿನ ಗುರುತು ಲೆವಿಗೆ ಆಗಲೇ ಸಿಗ್ತಿತ್ತು.) ಆಮೇಲೆ ವಿಲಿಯಂ ಅಂಡ್ ಮೇರಿ ಕಾಲೇಜು. 1969ರಲ್ಲಿ ಫಿಲಡೆಲ್ಫಿಯಾ ಈಗಲ್ಸ್ ತಂಡ ಅವರನ್ನ ಬರೀ ಒದೆತದ ತಂಡಗಳಿಗೆ ಅಂತಲೇ ಕೋಚ್ ಮಾಡಿಕೊಂಡಿತು. ಆ ಕಾಲಕ್ಕೆ ಎನ್‌ಎಫ್‌ಎಲ್‌ನಲ್ಲಿ ಅಂಥ ಹುದ್ದೆ ಇದ್ದದ್ದು ಒಂದೆರಡು ತಂಡದಲ್ಲಿ ಮಾತ್ರ. ಅಲ್ಲಿಂದ ಕೋಚ್ ಜಾರ್ಜ್ ಆಲೆನ್ ಕೈಕೆಳಗೆ ಲಾಸ್ ಏಂಜಲಿಸ್, ಆಮೇಲೆ ವಾಷಿಂಗ್ಟನ್. 1973ರಿಂದ 77ರ ವರೆಗೆ ಕೆನಡಾದ ಮಾಂಟ್ರಿಯಲ್. 1978ಕ್ಕೆ ಕ್ಯಾನ್ಸಸ್ ಸಿಟಿ ಚೀಫ್ಸ್.

ಕ್ಯಾನ್ಸಸ್ ಸಿಟಿಯ ವಿಚಾರ ಯಾರೂ ಎತ್ತಲ್ಲ, ಅದಕ್ಕೇ ಹೇಳ್ತೀನಿ. ಅವರು ಹೋಗೋ ಹಿಂದಿನ ವರ್ಷ ಆ ತಂಡ 14ರಲ್ಲಿ ಎರಡೇ ಪಂದ್ಯ ಗೆದ್ದಿತ್ತು. ಲೆವಿ ಬಂದ ಮೇಲೆ 4, ಆಮೇಲೆ 7, 8, 9. ಮೆಟ್ಟಿಲು ಹತ್ತಿದ ಹಾಗೆ. 1982ರಲ್ಲಿ ಆಟಗಾರರ ಮುಷ್ಕರದಿಂದ ಸೀಸನ್ ಅರ್ಧಕ್ಕೆ ಇಳಿಯಿತು, ತಂಡ ಮೂರು ಗೆದ್ದು ಆರು ಸೋತಿತು, ಅವರನ್ನ ತೆಗೆದುಹಾಕಿದರು.

1986ರ ನವೆಂಬರ್‌ನಲ್ಲಿ, ಸೀಸನ್ ನಡುವೆ, ಬಫಲೋ ಬಿಲ್ಸ್ ಕರೆಸಿಕೊಂಡಾಗ ಅವರಿಗೆ 61 ವರ್ಷ. ಅದಕ್ಕೂ ಹಿಂದಿನ ಎರಡೂ ವರ್ಷ ಬಿಲ್ಸ್ ಗೆದ್ದಿದ್ದು 16ರಲ್ಲಿ ಎರಡೆರಡು. ಅಂಥ ತಂಡವನ್ನ ಅವರು 1990ರಿಂದ 1993ರ ವರೆಗೆ ನಾಲ್ಕು ಸೀಸನ್ ಬಿಡದೆ ಸೂಪರ್ ಬೌಲ್‌ಗೆ ಒಯ್ದರು. ಅವರಿಗೂ ಮುಂಚೆ ಯಾರೂ ಒಯ್ದಿರಲಿಲ್ಲ, ಅವರಾದ ಮೇಲೂ ಯಾರೂ ಒಯ್ದಿಲ್ಲ.

ನಾಲ್ಕೂ ಸೋತರು, ಹೌದು. ಸೋತ ಮೇಲೆ ಪ್ರತಿ ಸಲವೂ ಹೇಗೆ ವಾಪಸ್ ಬಂದರು ಅನ್ನೋದು ನನ್ನ ಪ್ರಶ್ನೆ. ಗೊತ್ತಿರೋರು ಬರೀರಿ.

ಹೊಸಬ_ಹಾಸನ

ತುಂಬಾ ಚೆನ್ನಾಗಿ ಬರೆದಿದ್ದೀರಿ ಸರ್. ಈ ಆಟ ನಾನು ನೋಡಿದ್ದು ಕಮ್ಮಿ. ಫೈನಲ್ ಸೋಲೋ ನೋವು ಮಾತ್ರ ಆರ್‌ಸಿಬಿ ಅಭಿಮಾನಿಗಳಿಗೆ ಯಾರೂ ವಿವರಿಸಿ ಹೇಳಬೇಕಾಗಿಲ್ಲ. 2009, 2011, 2016 ಮೂರೂ ನೋಡಿದ್ದೀನಿ, 2025ರಲ್ಲಿ ಗೆದ್ದ ರಾತ್ರಿ ಅತ್ತಿದ್ದೂ ಉಂಟು. ಆದರೆ ನಮ್ಮದು ಮಧ್ಯ ಮಧ್ಯ ವರ್ಷಗಟ್ಟಲೆ ಬಿಡುವು ಇತ್ತು, ನಾಯಕರೂ ಬದಲಾದರು. ಅದೇ ಕೋಚ್, ಹೆಚ್ಚುಕಮ್ಮಿ ಅವೇ ಹುಡುಗರು, ಒಂದಾದ ಮೇಲೊಂದು ನಾಲ್ಕು ವರ್ಷ ಅಂದರೆ ಊಹಿಸೋಕೂ ಆಗ್ತಿಲ್ಲ. ಆ ನಾಲ್ಕು ಪಂದ್ಯ ಹೇಗೆ ಸೋತರು ಅಂತ ಯಾರಾದರೂ ಹೇಳ್ತೀರಾ?

ಅಂಕಿಅಂಶ

ನಾನು ಹೇಳ್ತೀನಿ. ಹೋದ ವಾರ ಆ ಸಾಲು ಬರೆದವನೂ ನಾನೇ. ಮೂಲ ಬರಹಗಾರರ ಮನಸ್ಸು ನೋಯಿಸೋ ಉದ್ದೇಶ ಇರಲಿಲ್ಲ. ನನ್ನ ಅಭಿಪ್ರಾಯ ಮಾತ್ರ ಇನ್ನೂ ಬದಲಾಗಿಲ್ಲ.

ಮೊದಲನೆಯದು 1991ರ ಜನವರಿ 27, ಟ್ಯಾಂಪಾ, ನ್ಯೂಯಾರ್ಕ್ ಜೈಂಟ್ಸ್ ವಿರುದ್ಧ. ಒಂದು ವಾರ ಮುಂಚೆ ಇದೇ ಬಿಲ್ಸ್ ರೈಡರ್ಸ್ ತಂಡವನ್ನ 51–3ರಿಂದ ಹೊಡೆದಿತ್ತು. ಗೆಲ್ಲಬೇಕಾಗಿದ್ದ ತಂಡ. ಸೋತಿದ್ದು 19–20. ಎಲ್ಲರೂ ಗುರಿ ತಪ್ಪಿದ ಕೊನೆಯ ಒದೆತದ ಮಾತಾಡ್ತಾರೆ, ನಾನು ಗಡಿಯಾರದ ಮಾತಾಡ್ತೀನಿ. 60 ನಿಮಿಷದ ಆಟದಲ್ಲಿ ಚೆಂಡು 40 ನಿಮಿಷ 33 ಸೆಕೆಂಡು ಜೈಂಟ್ಸ್ ಕೈಲಿತ್ತು. ಮೂರನೇ ಕ್ವಾರ್ಟರ್‌ನಲ್ಲಿ ಒಂದೇ ಸರದಿಯಲ್ಲಿ ಒಂಬತ್ತೂವರೆ ನಿಮಿಷ ಹತ್ತಿರ ಚೆಂಡು ಬಿಡಲಿಲ್ಲ. ಆ ಸರದಿಯಲ್ಲೇ ಮೂರನೇ ಯತ್ನಕ್ಕೆ 13 ಗಜ ಬೇಕಾಗಿದ್ದಾಗ ಜೈಂಟ್ಸ್‌ನ ಮಾರ್ಕ್ ಇಂಗ್ರಂ ಚಿಕ್ಕ ಪಾಸ್ ಹಿಡಿದು, ಬಿಲ್ಸ್‌ನವರು ಒಬ್ಬರಾದ ಮೇಲೊಬ್ಬರು ಹಿಡಿಯೋಕೆ ಹೋಗಿ ಜಾರಿದ ಮೇಲೆ, 14 ಗಜ ಓಡಿದ. ಬಿಲ್ಸ್‌ನ ಡಿಫೆನ್ಸ್, ಅಂದರೆ ಎದುರಾಳಿಯನ್ನ ತಡೆಯೋ ಗುಂಪು, ಸುಸ್ತಾಗಿತ್ತು. ಯಾಕೆ ಸುಸ್ತಾಯಿತು? ಲೆವಿಯವರ ಆಟದ ಧಾಟಿಯಿಂದಲೇ. ಹಡಲ್ ಇಲ್ಲದೆ, ಅಂದರೆ ಪ್ರತಿ ಯತ್ನಕ್ಕೂ ಮುಂಚೆ ಗುಂಪು ಸೇರಿ ಮಾತಾಡದೆ, ಗಡಿಬಿಡಿಯಲ್ಲಿ ಆಡಿದರೆ ಪಾಯಿಂಟ್ ಬೇಗ ಬರುತ್ತೆ. ಬರದಿದ್ದ ದಿನ ನಿಮ್ಮ ಡಿಫೆನ್ಸ್ ಎರಡೇ ನಿಮಿಷಕ್ಕೆ ಮತ್ತೆ ಮೈದಾನಕ್ಕೆ ಇಳಿಯಬೇಕು. ಜೈಂಟ್ಸ್‌ನ ಡಿಫೆನ್ಸ್ ನೋಡಿಕೊಳ್ತಿದ್ದ ಬಿಲ್ ಬೆಲಿಚೆಕ್ ಇದನ್ನ ಸರಿಯಾಗಿ ಓದಿದ್ದರು. ಬಿಲ್ಸ್‌ನ ಓಟಗಾರ ಥರ್ಮನ್ ಥಾಮಸ್ ಓಡಿದರೆ ಓಡಲಿ, ಪಾಸ್ ಮಾತ್ರ ಬಿಡಬಾರದು ಅಂತ ಕೂತರು. ಥಾಮಸ್ 135 ಗಜ ಓಡಿದ, ಆದರೂ ಜೈಂಟ್ಸ್ ಗೆದ್ದರು.

ಎರಡನೆಯದು ವಾಷಿಂಗ್ಟನ್ ವಿರುದ್ಧ, 24–37. ಆ ವಾರ ಬಿಲ್ಸ್‌ನ ಸಹಾಯಕ ಕೋಚ್ ಒಬ್ಬರು ಎದುರಾಳಿಯ ಮುಂಚೂಣಿ ಆಟಗಾರರನ್ನ ಪತ್ರಕರ್ತರ ಮುಂದೆ ಹೀಯಾಳಿಸಿದ್ದರು. ವಾಷಿಂಗ್ಟನ್ ಕೋಚ್ ಅದನ್ನೇ ತಮ್ಮ ಆಟಗಾರರಿಗೆ ತೋರಿಸಿ ಕೆಣಕಿದರು. ಥಾಮಸ್ ಹೆಲ್ಮೆಟ್ ಎಲ್ಲೋ ಕಾಣದೆ ಮೊದಲ ಎರಡು ಯತ್ನಕ್ಕೆ ಮೈದಾನಕ್ಕೇ ಬರಲಿಲ್ಲ. ಮೂರನೆಯದು ಡಲ್ಲಸ್, 17–52, ಒಂಬತ್ತು ಸಲ ಚೆಂಡು ಕಳಕೊಂಡರು. ನಾಲ್ಕನೆಯದು ಮತ್ತೆ ಡಲ್ಲಸ್, ಅರ್ಧ ಆಟಕ್ಕೆ 13–6ರಿಂದ ಮುಂದಿದ್ದು ಕೊನೆಗೆ 13–30.

ಒಂದು ಸಲ ಸೋತರೆ ದುರದೃಷ್ಟ ಅನ್ನಬಹುದು. ನಾಲ್ಕು ಸಲ ಅಂದರೆ ದೊಡ್ಡ ದಿನಕ್ಕೆ ತಂಡವನ್ನ ಅಣಿ ಮಾಡೋದರಲ್ಲಿ ಏನೋ ಕೊರತೆ ಇತ್ತು ಅಂತಲೇ ನಾನು ಹೇಳೋದು.

ರಾಚೆಸ್ಟರ್_ಕನ್ನಡಿಗ

ಗಡಿಯಾರದ ಮಾತು ನಿಜ, ಅದನ್ನ ಒಪ್ತೀನಿ. ಟ್ಯಾಂಪಾದ ಪಂದ್ಯದಲ್ಲಿ ಬೆಲಿಚೆಕ್ ಬುದ್ಧಿವಂತಿಕೆ ಗೆದ್ದಿತು. ಆ ಸಹಾಯಕ ಕೋಚನ್ನ ಸೀಸನ್ ಮುಗಿದ ಮೇಲೆ ಲೆವಿ ಮನೆಗೆ ಕಳಿಸಿದರು ಅನ್ನೋದನ್ನೂ ಇದರ ಜೊತೆ ಸೇರಿಸಿ.

ಆ ಗಡಿಬಿಡಿ ಆಟ ಎಲ್ಲಿಂದ ಬಂತು ಅಂತ ನೋಡಿ. ಪಾಸ್ ಹಿಡಿಯೋ ಆಟಗಾರ ಕೀತ್ ಮೆಕೆಲರ್ ಹೆಸರಿಂದ ಅದಕ್ಕೆ ಕೆ-ಗನ್ ಅನ್ನೋ ಹೆಸರು ಬಂತು. ತಂತ್ರ ಕಟ್ಟಿದ್ದು ಸಹಾಯಕ ಕೋಚ್ ಟೆಡ್ ಮಾರ್ಚಿಬ್ರೋಡಾ. ಪ್ರತಿ ಯತ್ನಕ್ಕೂ ಏನು ಆಡಬೇಕು ಅಂತ ಮೈದಾನದಲ್ಲೇ ನಿಂತು ಹೇಳ್ತಿದ್ದದ್ದು ಚೆಂಡು ಎಸೆದು ಆಟ ನಡೆಸೋ ಕ್ವಾರ್ಟರ್‌ಬ್ಯಾಕ್ ಜಿಮ್ ಕೆಲಿ. ತಲೆಬಾಗಿಲ ಬೀಗದ ಕೈಯನ್ನೇ ಹುಡುಗನ ಕೈಗೆ ಕೊಟ್ಟ ಹಾಗೆ ಅದು. ಮೂವತ್ತು ನಲವತ್ತು ವರ್ಷ ಕೋಚ್ ಆಗಿದ್ದ ಎಷ್ಟು ಜನಕ್ಕೆ ಅದು ಸಾಧ್ಯ? ಅದೂ 1989ರಲ್ಲಿ ಆ ತಂಡದ ಆಟಗಾರರು ಪತ್ರಿಕೆಯವರ ಮುಂದೆಯೇ ಒಬ್ಬರ ಮೇಲೊಬ್ಬರು ದೂರು ಹೇಳಿಕೊಳ್ತಿದ್ದರು. ಜಗಳಗಂಟ ಬಿಲ್ಸ್ ಅಂತಲೇ ಹೆಸರು ಬಿದ್ದಿತ್ತು. ಆ ಸೀಸನ್ 9 ಗೆಲುವು, 7 ಸೋಲು. ಮುಂದಿನ ವರ್ಷ ಅದೇ ಹುಡುಗರು 13–3.

ಇನ್ನೊಂದು ವಿಷಯ. ಆಗ ಲೀಗಿನಲ್ಲಿ 28 ತಂಡ. ಫೈನಲ್ ಸೋತ ತಂಡಕ್ಕೆ ಮಾರನೇ ವರ್ಷ ಮೊದಲಿಂದ 16 ಪಂದ್ಯ, ಆಮೇಲೆ ನಾಕೌಟ್. ನಾಕೌಟ್‌ನಲ್ಲಿ ಒಂದು ಸೋತರೆ ಮನೆಗೆ. ಸೋಲಿನ ರುಚಿ ಬಾಯಲ್ಲಿ ಇಟ್ಟುಕೊಂಡೇ ಜುಲೈ ಬಿಸಿಲಲ್ಲಿ ಮತ್ತೆ ಶುರು ಮಾಡಬೇಕು. ಮೊದಲ ಸೋಲಿನ ಮೇಲೆ ಲೆವಿ ಒಂದು ಹಳೇ ಲಾವಣಿಯ ಸಾಲುಗಳನ್ನ ಹುಡುಗರ ಮುಂದೆ ಇಟ್ಟಿದ್ದರು. ಏಟು ತಿಂದ ಯೋಧ "ಸ್ವಲ್ಪ ಹೊತ್ತು ಮಲಗಿ ರಕ್ತ ಹರಿಯೋಕೆ ಬಿಡ್ತೀನಿ, ಆಮೇಲೆ ಎದ್ದು ಮತ್ತೆ ಕಾದಾಡ್ತೀನಿ" ಅನ್ನೋ ಅರ್ಥದ್ದು. ಇತಿಹಾಸ ಓದಿದವರಲ್ವಾ, ಅವರ ಮಾತಲ್ಲಿ ಇಂಥದ್ದೇ ಬರೋದು. ಸೂಪರ್ ಬೌಲ್ ಗೆಲ್ಲಲೇಬೇಕಾದ ಪಂದ್ಯವಾ ಅಂತ ಕೇಳಿದರೆ ಗೆಲ್ಲಲೇಬೇಕಾಗಿದ್ದು ಎರಡನೇ ಮಹಾಯುದ್ಧ ಅಂದವರು ಅವರು. ಪಂದ್ಯಕ್ಕೆ ಮುಂಚೆ ಹುಡುಗರನ್ನ ಸುತ್ತ ಸೇರಿಸಿಕೊಂಡು "ಈಗ, ಇಲ್ಲಿ ಬಿಟ್ಟು ಬೇರೆ ಎಲ್ಲಿರೋಕೆ ಇಷ್ಟ ಪಡ್ತೀರಿ?" ಅಂತ ಕೇಳ್ತಿದ್ದರು. ಇಲ್ಲಿಯ ಜನ ಇವತ್ತಿಗೂ ಆ ಮಾತು ಹೇಳ್ತಾರೆ.

ಪಿಟಿ_ಮೇಷ್ಟ್ರು_ಶಿವಮೊಗ್ಗ

ನಾನು ಸರ್ಕಾರಿ ಪ್ರೌಢಶಾಲೆಯಲ್ಲಿ ದೈಹಿಕ ಶಿಕ್ಷಕ. 24 ವರ್ಷದಿಂದ ಕಬಡ್ಡಿ, ಖೋ ಖೋ ಕಲಿಸ್ತಿದ್ದೀನಿ. ಅಮೆರಿಕದ ಈ ಆಟವನ್ನ ಮಗ ಲ್ಯಾಪ್‌ಟಾಪಲ್ಲಿ ತೋರಿಸೋಕೆ ಶುರು ಮಾಡಿದ ಮೇಲೆ ಹುಚ್ಚು ಹಿಡೀತು. ಲೆವಿಯವರ ವಿಷಯದಲ್ಲಿ ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಸ್ಟೀವ್ ಟಾಸ್ಕರ್ ಕಥೆ. ಅದನ್ನ ಯಾರೂ ಹೇಳಿಲ್ಲ, ನಾನೇ ಹೇಳಿಬಿಡ್ತೀನಿ.

ಲೆವಿ ಬಫಲೋಗೆ ಬಂದ ಅದೇ ತಿಂಗಳು ಹ್ಯೂಸ್ಟನ್ ತಂಡ ಒಬ್ಬ ಹುಡುಗನನ್ನ ಬೇಡ ಅಂತ ಬಿಟ್ಟಿತು. ಎತ್ತರ ಐದು ಅಡಿ ಒಂಬತ್ತು ಇಂಚು. ಆ ಆಟಕ್ಕೆ ಅದು ಏನೇನೂ ಅಲ್ಲ. ಬಿಲ್ಸ್ ಅವನನ್ನ ಕರೆದುಕೊಂಡಿತು. ಕೆಲಸ ಏನಪ್ಪಾ ಅಂದರೆ, ನಮ್ಮವರು ಪಂಟ್ ಒದ್ದಾಗ ಗೆರೆಯ ಪಕ್ಕದಲ್ಲಿ ಪ್ರಾಣ ಬಿಟ್ಟು ಓಡಬೇಕು, ಎದುರಾಳಿ ಚೆಂಡು ಹಿಡಿದ ಕ್ಷಣಕ್ಕೆ ಅಲ್ಲಿಗೆ ಮುಟ್ಟಿ ಕೆಡವಬೇಕು. ಅವನನ್ನ ತಡೆಯೋಕೆ ಇಬ್ಬಿಬ್ಬರನ್ನ ಬಿಡ್ತಿದ್ದರು, ಆದರೂ ಮುಟ್ಟುತ್ತಿದ್ದ. ಟಿವಿಯಲ್ಲಿ ಆ ಹೊತ್ತಿಗೆ ಕ್ಯಾಮೆರಾ ಆಕಾಶದಲ್ಲಿರೋ ಚೆಂಡು ತೋರಿಸ್ತಿರುತ್ತೆ. ಓಡ್ತಿರೋ ಹುಡುಗನನ್ನ ಯಾರು ನೋಡ್ತಾರೆ? ಆ ಟಾಸ್ಕರ್ ಏಳು ಸಲ ಪ್ರೊ ಬೌಲ್‌ಗೆ ಆಯ್ಕೆಯಾದ, 1993ರಲ್ಲಿ ಆ ಪಂದ್ಯದ ಅತ್ಯುತ್ತಮ ಆಟಗಾರ ಅಂತಲೂ ಆದ. ದೇಶದ ಅತ್ಯುತ್ತಮರೆಲ್ಲ ಸೇರಿ ಆಡ್ತಿದ್ದ ಪಂದ್ಯ ಅದು.

ನಮ್ಮ ಶಾಲೆಯಲ್ಲಿ ಹೋದ ವರ್ಷ ಕಬಡ್ಡಿ ತಂಡದಲ್ಲಿ ಹನ್ನೆರಡನೆಯವನಾಗಿ ಒಬ್ಬ ಹುಡುಗ ಇದ್ದ. ಬಾಟಲಿಗೆ ನೀರು ತುಂಬಿಸೋದು, ಅಂಗಳಕ್ಕೆ ಸುಣ್ಣದ ಗೆರೆ ಎಳೆಯೋದು, ಅಷ್ಟೇ. ಟಾಸ್ಕರ್ ಓಡೋ ವಿಡಿಯೋ ಅವನಿಗೆ ತೋರಿಸಿದೆ. ಅವನು ಮಾತಾಡಲಿಲ್ಲ, ಎರಡನೇ ಸಲ ಹಾಕಿ ಸಾರ್ ಅಂದ. ಆವತ್ತಿಂದ ಅವನಿಗೆ ಒಂದೇ ಕೆಲಸ ಕೊಟ್ಟೆ. ಬೋನಸ್ ಗೆರೆ ಹತ್ತಿರ ಬರೋ ರೈಡರ್‌ನ ಕಾಲು ನೋಡೋದು. ಬೇರೆ ಏನೂ ನೋಡಬೇಡ ಅಂದೆ. ತಾಲ್ಲೂಕು ಮಟ್ಟದಲ್ಲಿ ಎರಡು ಕಾಲು ಹಿಡಿದ.

ಕಣ್ಣಿಗೆ ಬೀಳದ ಕೆಲಸವನ್ನ ಕಲಿಸುತ್ತಲೇ ಮೇಲೆ ಬಂದ ಕೋಚ್ ಆಗಿದ್ದಕ್ಕೇ ಲೆವಿಗೆ ಟಾಸ್ಕರ್ ಕಾಣಿಸಿದ ಅಂತ ನನ್ನ ನಂಬಿಕೆ. ಅಂಕಿಅಂಶ ಅವರೇ, ನಿಮ್ಮ ಲೆಕ್ಕದಲ್ಲಿ ಇದಕ್ಕೆ ಒಂದು ಕಾಲಂ ಇರಲಿ.

ಮಾಂಟ್ರಿಯಲ್_ಮೈಸೂರು

ಮೇಷ್ಟ್ರೇ, ನಿಮ್ಮ ಬರಹ ನನ್ನ ಗಂಡನಿಗೂ ಓದಿ ಹೇಳಿದೆ. ನಾವು ಹದಿನೆಂಟು ವರ್ಷದಿಂದ ಮಾಂಟ್ರಿಯಲ್‌ನಲ್ಲಿ ಇದ್ದೀವಿ. ಎಲ್ಲರೂ ಬಫಲೋ ಬಫಲೋ ಅಂತೀರಿ, ಲೆವಿ ಇಲ್ಲಿ ಎರಡು ಗ್ರೇ ಕಪ್ (ಕೆನಡಾ ಲೀಗಿನ ಫೈನಲ್) ಗೆದ್ದಿದ್ದನ್ನ ಒಂದೇ ಸಾಲಲ್ಲೂ ಯಾರೂ ಹೇಳಲಿಲ್ಲ! 1974 ಮತ್ತು 1977. ಐದು ವರ್ಷದಲ್ಲಿ ಮೂರು ಫೈನಲ್, ಎರಡು ಗೆಲುವು, ಒಂದನ್ನ ಸೋತಿದ್ದು 8–9ರಿಂದ, ಒಂದೇ ಪಾಯಿಂಟ್.

ಕೆನಡಾ ಆಟದಲ್ಲಿ ಯತ್ನ ಮೂರೇ, ನಾಲ್ಕಲ್ಲ. ಮೈದಾನ 110 ಗಜ, ಒಂದು ಕಡೆಗೆ ಹನ್ನೆರಡು ಜನ. ಮೂರೇ ಯತ್ನ ಅಂದರೆ ಚೆಂಡು ಒದೆಯೋ ಸಂದರ್ಭ ಅಮೆರಿಕಕ್ಕಿಂತ ಎಷ್ಟೋ ಜಾಸ್ತಿ. ಒದ್ದ ಚೆಂಡು ಗೋಲ್ ಪ್ರದೇಶಕ್ಕೆ ಹೋಗಿ ಎದುರಾಳಿ ಹೊರಗೆ ತರಲಾಗದಿದ್ದರೆ ಅದಕ್ಕೂ ಒಂದು ಪಾಯಿಂಟ್. ಒದೆತದ ಕೋಚ್‌ಗೆ ಇದಕ್ಕಿಂತ ಹೇಳಿಮಾಡಿಸಿದ ಜಾಗ ಬೇರೆ ಇಲ್ಲ.

1977ರ ಫೈನಲ್ಲು ಇಲ್ಲಿಯ ಒಲಿಂಪಿಕ್ ಸ್ಟೇಡಿಯಂನಲ್ಲಿ, ನವೆಂಬರ್ ಕೊನೆಗೆ. ಹಿಮ ಬಿದ್ದಿತ್ತು. ಕರಗಿಸೋಕೆ ಉಪ್ಪು ಹಾಕಿದರು, ಕರಗಿದ ನೀರು ಚಳಿಗೆ ಮತ್ತೆ ಹೆಪ್ಪುಗಟ್ಟಿ ಇಡೀ ಮೈದಾನ ಗಾಜಿನ ಹಾಗಾಯಿತು. ಎರಡೂ ತಂಡ ಜಾರಿ ಜಾರಿ ಬೀಳ್ತಿದ್ದರು. ಆಗ ಮಾಂಟ್ರಿಯಲ್ ಆಟಗಾರ ಟೋನಿ ಪ್ರೌಡ್‌ಫುಟ್‌ಗೆ ಒಂದು ಉಪಾಯ ಹೊಳೀತು. ತಂತಿ ಕೂರಿಸೋ ಸ್ಟೇಪಲ್ ಗನ್ ತಗೊಂಡು ಶೂ ಅಡಿಗೆ ಪಿನ್ನು ಹೊಡೆದರು. ಹಿಡಿತ ಸಿಕ್ಕಿತು. ಒಬ್ಬರನ್ನ ನೋಡಿ ಒಬ್ಬರು ಹೊಡೆಸಿಕೊಂಡರು. ಡಾನ್ ಸ್ವೀಟ್ ಆ ಮಂಜುಗಡ್ಡೆಯ ಮೇಲೆ ಆರು ಫೀಲ್ಡ್ ಗೋಲ್ ಒದ್ದರು. ಎಡ್ಮಂಟನ್ ಮೇಲೆ 41–6. ಊರಲ್ಲಿ ಬಸ್ಸು ಮೆಟ್ರೊ ಮುಷ್ಕರ ಇತ್ತು, ಆದರೂ 68,318 ಜನ ಬಂದಿದ್ದರು. ನಮ್ಮ ಕಟ್ಟಡದ ಕೆಳಮನೆಯ ಅಜ್ಜ ಆವತ್ತು ಅಲ್ಲಿದ್ದವರು. ಮನೆಗೆ ನಡೆದೇ ಬಂದೆವು, ಚಳಿ ಗೊತ್ತೇ ಆಗಲಿಲ್ಲ ಅಂತಾರೆ.

ಹೇಳಿ ಅಂಕಿಅಂಶ ಅವರೇ, ದೊಡ್ಡ ದಿನಕ್ಕೆ ತಂಡ ಅಣಿ ಮಾಡೋಕೆ ಅವರಿಗೆ ಬರ್ತಿರಲಿಲ್ವಾ?

ಅಂಕಿಅಂಶ

ಮೇಡಂ, 1977ರ ಪಂದ್ಯದ ವಿವರ ನನಗೆ ಗೊತ್ತಿರಲಿಲ್ಲ. ಧನ್ಯವಾದ. ಗ್ರೇ ಕಪ್‌ನ ಲೆಕ್ಕಕ್ಕೇ ತಗೊಳ್ಳದೆ ಮಾತಾಡಿದ್ದು ನನ್ನ ತಪ್ಪು. ಇದಕ್ಕೆ ಹೊಂದೋ ಇನ್ನೊಂದು ಹೆಸರು ಅಂದರೆ ಬಡ್ ಗ್ರಾಂಟ್. ವಿನಿಪೆಗ್‌ನಲ್ಲಿ ನಾಲ್ಕು ಗ್ರೇ ಕಪ್ ಗೆದ್ದು, ಮಿನೆಸೋಟಾಗೆ ಬಂದು ನಾಲ್ಕು ಸೂಪರ್ ಬೌಲ್ ಸೋತವರು. ಅವರದ್ದು ಸತತ ನಾಲ್ಕು ವರ್ಷ ಅಲ್ಲ ಅಷ್ಟೇ.

ನ್ಯೂಜೆರ್ಸಿ_ಅಮ್ಮ

ಮಗ ಹೈಸ್ಕೂಲ್ ತಂಡಕ್ಕೆ ಸೇರಿದ ಮೇಲೆ ಈ ಆಟ ಕಲಿತವಳು ನಾನು. ಮೊದಲೆರಡು ವರ್ಷ ಗ್ಯಾಲರಿಯಲ್ಲಿ ಕಣ್ಣುಮುಚ್ಚಿಕೊಂಡೇ ಕೂತಿರ್ತಿದ್ದೆ.

1993ರ ಜನವರಿ 3ರ ಪಂದ್ಯ ಯಾರೂ ಹೇಳಲಿಲ್ಲವಲ್ಲ? ಹ್ಯೂಸ್ಟನ್ ಆಯ್ಲರ್ಸ್ ವಿರುದ್ಧ, ಬಫಲೋದಲ್ಲೇ, ನಾಕೌಟ್‌ನ ಮೊದಲ ಸುತ್ತು. ಕೆಲಿಗೆ ಮೊಣಕಾಲು ಪೆಟ್ಟು, ಆಡೋಕೆ ಇಳಿದದ್ದು ಬದಲಿ ಕ್ವಾರ್ಟರ್‌ಬ್ಯಾಕ್ ಫ್ರ್ಯಾಂಕ್ ರೈಕ್. ಅರ್ಧ ಆಟಕ್ಕೆ 3–28. ಮತ್ತೆ ಶುರುವಾದ ಕೂಡಲೇ ರೈಕ್ ಎಸೆದ ಚೆಂಡನ್ನ ಅವರು ಕಸಿದು ಓಡಿದರು, 3–35. ಥಾಮಸ್‌ಗೂ ಪೆಟ್ಟಾಗಿ ಹೊರಗೆ ಕೂತಿದ್ದ. ಟಿಕೆಟ್ ಪೂರ್ತಿ ಮಾರಾಟ ಆಗಿರಲಿಲ್ಲ ಅಂತ ನಿಯಮದ ಪ್ರಕಾರ ಊರಿನ ಟಿವಿಯಲ್ಲಿ ಪ್ರಸಾರವೂ ಇರಲಿಲ್ಲ. ಜನ ಎದ್ದು ಹೊರಟಿದ್ದರು.

ಒಂದು ಟಚ್‌ಡೌನ್ (ಚೆಂಡನ್ನ ಎದುರಾಳಿಯ ಗೋಲ್ ಗೆರೆ ದಾಟಿಸೋದು) ಬಂತು. ಆಮೇಲೆ ಏನು ಮಾಡಿದರು ನೋಡಿ. ಚೆಂಡನ್ನ ದೂರಕ್ಕೆ ಒದೆಯೋ ಬದಲು ಹತ್ತಿರಕ್ಕೆ ಪುಟಿಯೋ ಹಾಗೆ ಒದ್ದು, ಒದ್ದ ಸ್ಟೀವ್ ಕ್ರಿಸ್ಟಿಯೇ ಓಡಿ ಅದರ ಮೇಲೆ ಬಿದ್ದ! ಮತ್ತೆ ಅದೇ ಒದೆತದ ತಂಡ ಮೇಷ್ಟ್ರೇ, ನಿಮ್ಮ ಮಾತು ಓದಿದ ಮೇಲೆ ನನಗೆ ಹೊಳೀತು. ಆ ಒಂದೇ ಕ್ವಾರ್ಟರ್‌ನಲ್ಲಿ ನಾಲ್ಕು ಟಚ್‌ಡೌನ್. ಆಂಡ್ರೆ ರೀಡ್ ಒಬ್ಬನೇ ಮೂರು ಹಿಡಿದ. ಸಮ ಆಗಿ ಹೆಚ್ಚುವರಿ ಸಮಯಕ್ಕೆ ಹೋಯಿತು, ಕ್ರಿಸ್ಟಿ 32 ಗಜದಿಂದ ಒದ್ದು 41–38. ಮೂವತ್ತೆರಡು ಪಾಯಿಂಟ್ ಹಿಂದಿದ್ದು ಗೆದ್ದ ಆ ದಾಖಲೆ 2022ರ ಡಿಸೆಂಬರ್‌ವರೆಗೂ ನಿಂತಿತ್ತು. ಮಿನೆಸೋಟಾ 33 ಪಾಯಿಂಟ್ ಹಿಂದಿದ್ದು ಗೆದ್ದು ಅದನ್ನ ಮುರೀತು. ಬಿಲ್ಸ್ ಆ ವರ್ಷ ಅಲ್ಲಿಂದ ಪಿಟ್ಸ್‌ಬರ್ಗ್‌ಗೆ ಹೋಗಿ ಗೆದ್ದರು, ಮಯಾಮಿಗೆ ಹೋಗಿ ಗೆದ್ದರು.

ನನ್ನ ಮಗ ಆಡೋದು ಬದಲಿ ಆಟಗಾರನಾಗಿ. ಈ ಪಂದ್ಯದ ಮೂರನೇ ಕ್ವಾರ್ಟರನ್ನ ಅವನೂ ನಾನೂ ಎಷ್ಟು ಸಲ ನೋಡಿದ್ದೀವೋ ಲೆಕ್ಕ ಇಲ್ಲ.

ಧಾರವಾಡ_ಮಂದಿ

ಸರ, ಎಲ್ಲಾ ಓದಿದೆ. ಆಟದ ಲೆಕ್ಕ ನನಗ ಪೂರಾ ತಿಳೀಲಿಲ್ಲ, ಆದ್ರ ಒಂದ ಮಾತು ಎದಿಯಾಗ ಕುಂತದ. ಮೊದಲನೇ ಫೈನಲ್‌ದಾಗ ಕಡೀಕ ಒದ್ದಂವ ಯಾರು? ಅವಂಗ ಮುಂದ ಏನಾತು? ಅಷ್ಟ ಮಂದಿ ಮುಂದ ತಪ್ಪಿದ್ರ ಮನಿಗೆ ಹೆಂಗ ಹೋಗ್ತಾನ ಅಂವ? ಕೋಚ್ ಸಾಹೇಬ್ರು ಅವನ್ನ ಏನ್ ಮಾಡಿದ್ರು, ಬೈದ್ರೋ, ತಗದ್ರೋ?

ರಾಚೆಸ್ಟರ್_ಕನ್ನಡಿಗ

ಇದನ್ನ ಯಾರಾದರೂ ಕೇಳಲಿ ಅಂತಲೇ ಕಾಯ್ತಿದ್ದೆ ಅಣ್ಣಾ.

ಅವನ ಹೆಸರು ಸ್ಕಾಟ್ ನಾರ್‌ವುಡ್. ಎರಡು ವರ್ಷ ಮುಂಚೆ ಅಷ್ಟೇ ಲೀಗಿನ ಅತ್ಯುತ್ತಮ ಕಿಕರ್ ಅನ್ನಿಸಿಕೊಂಡಿದ್ದವನು. ಎರಡು ನಿಮಿಷ 16 ಸೆಕೆಂಡು ಉಳಿದಿದ್ದಾಗ ಬಿಲ್ಸ್‌ಗೆ ತಮ್ಮದೇ 10ನೇ ಗಜದಲ್ಲಿ ಚೆಂಡು ಸಿಕ್ಕಿತು. ಅಲ್ಲಿಂದ ಎದುರಾಳಿಯ 29ನೇ ಗಜದವರೆಗೆ ಬಂದರು. ಕೆಲಿ ಚೆಂಡನ್ನ ನೆಲಕ್ಕೆ ಹೊಡೆದು ಗಡಿಯಾರ ನಿಲ್ಲಿಸಿದಾಗ ಉಳಿದಿದ್ದು ಎಂಟು ಸೆಕೆಂಡು. 47 ಗಜ. ಬಫಲೋದಲ್ಲಿ ಆಗ ಕೃತಕ ಹುಲ್ಲಿನ ಮೈದಾನ, ಟ್ಯಾಂಪಾದಲ್ಲಿ ನಿಜವಾದ ಹುಲ್ಲು. ಚೆಂಡನ್ನ ನೆಲದ ಮೇಲೆ ಹಿಡಿದು ಕೂತವನು ಫ್ರ್ಯಾಂಕ್ ರೈಕ್. ಹೌದು, ನ್ಯೂಜೆರ್ಸಿ ಅಮ್ಮ ಹೇಳಿದ ಅದೇ ರೈಕ್. ಒದೆತಕ್ಕೆ ದೂರ ಸಾಲಿತು, ಎತ್ತರ ಸಾಲಿತು. ಚೆಂಡು ಬಲಗಡೆ ಕಂಬದ ಹೊರಗೆ ಹೋಯಿತು.

ಹೋದ ಚಳಿಗಾಲ ನಾನು ಆರ್ಚರ್ಡ್ ಪಾರ್ಕ್‌ನ ಸ್ಟೇಡಿಯಂಗೆ ಹಿಮ ತೆಗೆಯೋಕೆ ಹೋಗಿದ್ದೆ. ಹಿಮ ಜಾಸ್ತಿ ಬಿದ್ದಾಗ ಗಂಟೆ ಲೆಕ್ಕದಲ್ಲಿ ದುಡ್ಡು ಕೊಟ್ಟು ಊರಿನವರನ್ನೇ ಕರೀತಾರೆ. ನನ್ನ ಜೊತೆ ಕೆಲಸ ಮಾಡೋ ಹಿರಿಯರೊಬ್ಬರು ಪ್ರತಿ ವರ್ಷ ಹೋಗ್ತಾರೆ, ಈ ಸಲ ನನ್ನನ್ನೂ ಎಳಕೊಂಡು ಹೋದರು. ಕಂಬಗಳ ಹಿಂದಿನ ಸಾಲುಗಳಲ್ಲಿ ಕುರ್ಚಿ ಮೇಲಿನ ಹಿಮ ಸಲಿಕೆಯಲ್ಲಿ ತಳ್ಳಿ ತಳ್ಳಿ ಬೆನ್ನು ನೋಯ್ತಿತ್ತು. ಅವರು ಸಲಿಕೆ ಊರಿ ನಿಂತು ಮೈದಾನದ ಕಡೆ ಕೈ ತೋರಿಸಿದರು. "ಅಲ್ಲಿ, 37ನೇ ಗೆರೆ. ಅಲ್ಲಿಂದ ಇಲ್ಲಿಗೆ 47." ಎರಡು ಕಂಬದ ನಡುವೆ ಹದಿನೆಂಟೂವರೆ ಅಡಿ. ಟಿವಿಯಲ್ಲಿ ಅಗಲ ಕಾಣುತ್ತೆ. ಅಲ್ಲಿ ನಿಂತು ಆ ಗೆರೆ ನೋಡಿ ಕಂಬ ನೋಡಿದರೆ ನಮ್ಮ ಮನೆಯ ಹಜಾರದ ಅಗಲವೂ ಇಲ್ಲ ಅನ್ನಿಸಿತು. ಅವರು ಇನ್ನೇನೂ ಹೇಳಲಿಲ್ಲ, ಸಲಿಕೆ ಎತ್ತಿಕೊಂಡರು.

ನಾರ್‌ವುಡ್ ಆ ರಾತ್ರಿ ಓಡಿಹೋಗಲಿಲ್ಲ. ಡ್ರೆಸ್ಸಿಂಗ್ ರೂಮಲ್ಲಿ ನಿಂತು ಪತ್ರಕರ್ತರು ಕೇಳಿದ್ದಕ್ಕೆಲ್ಲ ಉತ್ತರ ಕೊಟ್ಟ. ಮಾರನೇ ದಿನ ಬಫಲೋದ ನಯಾಗರಾ ಚೌಕದಲ್ಲಿ ತಂಡವನ್ನ ಸ್ವಾಗತಿಸೋಕೆ ಸಾವಿರಾರು ಜನ ಸೇರಿದ್ದರು. ಅವನು ಹಿಂದೆ ಎಲ್ಲೋ ನಿಂತಿದ್ದ. ಜನ "ನಮಗೆ ಸ್ಕಾಟ್ ಬೇಕು, ನಮಗೆ ಸ್ಕಾಟ್ ಬೇಕು" ಅಂತ ಕೂಗೋಕೆ ಶುರು ಮಾಡಿದರು. ಮುಂದೆ ಬಂದ, ಗಂಟಲು ಕಟ್ಟಿತ್ತು.

ಲೆವಿ ಅವನನ್ನ ದೂರಲಿಲ್ಲ. ಒದೆತದ ಕೋಚ್ ಅವರು. 47 ಗಜದ ಒದೆತ ಎಷ್ಟು ಕಷ್ಟ ಅಂತ ಆ ಸ್ಟೇಡಿಯಂನಲ್ಲಿ ಅವರಿಗಿಂತ ಚೆನ್ನಾಗಿ ಗೊತ್ತಿದ್ದವರು ಎಷ್ಟು ಜನ ಇದ್ದರು? ತಂಡದಿಂದಲೂ ತೆಗೆಯಲಿಲ್ಲ. ಮುಂದಿನ ಸೀಸನ್‌ಗೂ ನಾರ್‌ವುಡ್ಡೇ ಕಿಕರ್.

ಮಾಂಟ್ರಿಯಲ್_ಮೈಸೂರು

ಓದಿ ಕಣ್ಣು ತುಂಬಿ ಬಂತು. ಆಮೇಲಿನದ್ದನ್ನ ಚಿಕ್ಕದಾಗಿ ನಾನು ಸೇರಿಸ್ತೀನಿ. 1995ರಲ್ಲಿ ಲೆವಿಗೆ ಪ್ರಾಸ್ಟೇಟ್ ಕ್ಯಾನ್ಸರ್ ಆಗಿ ಶಸ್ತ್ರಚಿಕಿತ್ಸೆ ಆಯಿತು. ಮೂರು ಪಂದ್ಯ ಬಿಟ್ಟು ವಾಪಸ್ ಬಂದರು. 1997ರ ಕೊನೆಗೆ ನಿವೃತ್ತಿ. 2001ರಲ್ಲಿ ಅಮೆರಿಕದ ಹಾಲ್ ಆಫ್ ಫೇಮ್. 2006ರಲ್ಲಿ, ಎಂಬತ್ತು ವಯಸ್ಸಿಗೆ, ಬಿಲ್ಸ್‌ಗೆ ಜನರಲ್ ಮ್ಯಾನೇಜರ್ ಆಗಿ ಎರಡು ವರ್ಷ ಮತ್ತೆ ಬಂದಿದ್ದರು. 2021ರಲ್ಲಿ ಕೆನಡಾದ ಹಾಲ್ ಆಫ್ ಫೇಮ್‌ಗೂ ಸೇರಿಸಿದರು. ಎರಡೂ ಕಡೆ ಇರೋರು ಬಡ್ ಗ್ರಾಂಟ್, ವಾರನ್ ಮೂನ್ ಬಿಟ್ಟರೆ ಇವರೇ. 2025ರ ಆಗಸ್ಟ್‌ಗೆ ನೂರು ವರ್ಷ ತುಂಬಿತು.

ಧಾರವಾಡ_ಮಂದಿ

ನೂರ ವರ್ಷ! ಭಾಳ ಛಲೋ ಆತು. ಸರ, ಆ ಹುಡುಗ ಮುಂದಿನ ವರ್ಷ ಒದ್ದನೇನು ಮತ್ತ? ಅದನ್ನ ಹೇಳಲೇ ಇಲ್ಲ ನೀವು.

ಅಂಕಿಅಂಶ

ಇದಕ್ಕೆ ಉತ್ತರ ನಾನು ಕೊಡ್ತೀನಿ. ನಿನ್ನೆ ರಾತ್ರಿ ಮೂಲ ಬರಹಗಾರರ ಮಾತು ಓದಿದ ಮೇಲೆ ಆ ಸೀಸನ್‌ನ ಸ್ಕೋರ್‌ಗಳನ್ನ ಮತ್ತೆ ತೆಗೆದು ಕೂತಿದ್ದೆ. ನಾಲ್ಕು ಸೋಲಿನ ಲೆಕ್ಕ ಹಿಡಿದವನು ಈ ಪಂದ್ಯವನ್ನ ಇಷ್ಟು ವರ್ಷ ದಾಟಿಕೊಂಡು ಹೋಗಿದ್ದೆ.

1992ರ ಜನವರಿ 12. ಬಫಲೋದಲ್ಲಿ ಡೆನ್ವರ್ ವಿರುದ್ಧ. ಗೆದ್ದವರು ಎರಡನೇ ಸಲ ಸೂಪರ್ ಬೌಲ್‌ಗೆ. ಬಿಲ್ಸ್‌ನ ಆ ಗಡಿಬಿಡಿ ಆಟ ಆವತ್ತು ನಡೆಯಲೇ ಇಲ್ಲ. ಕೆಲಿ, ಥಾಮಸ್, ರೀಡ್ ಯಾರೂ ಒಂದು ಟಚ್‌ಡೌನ್ ತರಲಿಲ್ಲ. ಬಂದ ಒಂದೇ ಟಚ್‌ಡೌನ್ ಡಿಫೆನ್ಸ್‌ನ ಕಾರ್ಲ್ಟನ್ ಬೇಲಿ ಚೆಂಡು ಕಸಿದು ಓಡಿದ್ದು. ಡೆನ್ವರ್‌ನ ಕಿಕರ್ ಆ ದಿನ ಮೂರು ಫೀಲ್ಡ್ ಗೋಲ್ ತಪ್ಪಿಸಿದ. ಕೊನೆಯ ಕ್ವಾರ್ಟರ್‌ನಲ್ಲಿ ಬಿಲ್ಸ್ 7–0ರಿಂದ ಮುಂದಿದ್ದಾಗ ನಾಲ್ಕನೇ ಯತ್ನ ಬಂತು. ಲೆವಿ ನಾರ್‌ವುಡ್‌ನನ್ನ ಕಳಿಸಿದರು. 44 ಗಜ. ಟ್ಯಾಂಪಾಗಿಂತ ಮೂರೇ ಗಜ ಕಮ್ಮಿ.

ಒಳಗೆ ಹೋಯಿತು. ಆಮೇಲೆ ಡೆನ್ವರ್ ಒಂದು ಟಚ್‌ಡೌನ್ ಹೊಡೀತು. ಪಂದ್ಯ ಮುಗಿದಾಗ 10–7.